ಗೌರಿಯ ಸತ್ತ ಕರು ಕೂಗಿದ ಮಧ್ಯಾಹ್ನ

ಸತ್ತದ್ದು ವಾಪಸ್ ಬರುತ್ತದೆ ಎನ್ನುವವರನ್ನು "ನಿಮಗೆ ಮಾಡೋಕೆ ಬೇರೆ ಕೆಲಸ ಇಲ್ವಾ?" ಎಂದು ಕೇಳುತ್ತಿದ್ದವಳು ನಾನು. ನಲವತ್ತು ವರ್ಷ ಹಸು ಸಾಕಿದ್ದೇನೆ. ಎಷ್ಟೋ ಕರು ಸತ್ತವು, ಯಾವುದೂ ವಾಪಸ್ ಬರಲಿಲ್ಲ. ಈಗ ಹಾಗೆ ಕೇಳಲು ನಾಲಿಗೆ ಏಳುವುದಿಲ್ಲ. ಸಿಟ್ಟು ಅದಕ್ಕೇ.

ಅರೆಕೆರೆಯಲ್ಲಿ ನಮ್ಮ ಬೀದಿಗೆ ಉಳಿದಿದ್ದ ಒಂದೇ ಹಸು ನಮ್ಮ ಗೌರಿ. ಎರಡು ವರ್ಷದ ಹಿಂದೆ ಅವಳ ಕರು ಹುಟ್ಟಿದ ಇಪ್ಪತ್ತು ದಿನಕ್ಕೆ ಭೇದಿ ಹತ್ತಿ ಸತ್ತಿತು. ಕರು ಕಾಣದೆ ಗೌರಿ ಹಾಲು ಬಿಡಲಿಲ್ಲ. "ಹಾಲಿಲ್ದಿರೋ ಹಸು ಯಾಕಮ್ಮ? ಮಾರ್ಬಿಟ್ಟು ಶೆಡ್ಡಲ್ಲಿ ಕಾರ್ ನಿಲ್ಸೋಣ" ಎಂದ ಮಗ. ನಾನು ಒಪ್ಪಲಿಲ್ಲ. ಹಿಂದಿನವರು ಮಾಡುತ್ತಿದ್ದಂತೆ ಕರುವಿನ ಚರ್ಮ ಬಿಡಿಸಿ, ಒಣಗಿಸಿ, ಹುಲ್ಲು ತುಂಬಿ ಹೊಲಿಸಿದೆ. ಬೆನ್ನಿಗೆ ಉಪ್ಪುನೀರು ಸವರಿ ಎದುರಿಗಿಟ್ಟರೆ ಗೌರಿ ಅದನ್ನು ನೆಕ್ಕುತ್ತಾ ಹಾಲು ಬಿಡುತ್ತಿದ್ದಳು. ಮಗ ಬಾಯಿ ಮುಚ್ಚಿದ.

ಇದನ್ನು ಯಾರಿಂದಲೋ ಕೇಳಿ ಜಯನಗರದಿಂದ ಒಬ್ಬಳು ಹುಡುಗಿ ಬಂದಳು. ಮನುಷ್ಯರಿಗೂ ಪ್ರಾಣಿಗಳಿಗೂ ಇರುವ ಸಂಬಂಧದ ಮೇಲೆ ಡಾಕ್ಯುಮೆಂಟರಿ ಮಾಡುತ್ತಾಳಂತೆ. ಕ್ಯಾಮೆರಾ, ಮೈಕು ಎಲ್ಲಾ ಅವಳೊಬ್ಬಳದೇ. ಕಿವಿಗೆ ದಪ್ಪನೆಯ ಹೆಡ್‌ಫೋನ್.

"ಅಜ್ಜಿ, ಹಸೂನ ತಬ್ಕೊಂಡು ಸ್ವಲ್ಪ ಅಳ್ತೀರಾ?" ಎಂದಳು.

"ಸಗಣಿ ಎತ್ತೋಕೆ ಬಾ, ನಿಂಗೇ ಅಳು ಬರುತ್ತೆ" ಎಂದೆ.

ಮೂರು ಗಂಟೆಯ ಬಿಸಿಲು. ನಾನು ಹಾಲು ಕರೆಯುತ್ತಿದ್ದೆ. ಬೆಳಕು ಸಾಲದೆಂದು ಅವಳು ನನ್ನನ್ನು ಒಂದು ಮಾತೂ ಕೇಳದೆ ಹುಲ್ಲಿನ ಕರುವನ್ನು ಕಿವಿ ಹಿಡಿದು ಅಂಗಳಕ್ಕೆ ಎಳೆದಳು. ಹೊಲಿಗೆ ಬಿಚ್ಚಿ ಹುಲ್ಲು ಉದುರಿತು. "ಮುಟ್ಬೇಡ್ವೇ!" ಎಂದು ಕಿರುಚಿದೆ. ಗೌರಿ ಕತ್ತೆತ್ತಿ ನಿಂತಳು. ಹುಡುಗಿಯ ಮುಖ ಬಿಳಿಚಿಕೊಂಡಿತು. ಹೆಡ್‌ಫೋನ್ ತೆಗೆದು ನನ್ನ ಕಿವಿಗಿಟ್ಟಳು.

ಅದರೊಳಗೆ ಕರು ಕೂಗುತ್ತಿತ್ತು.

ಎಲ್ಲ ಕರುವೂ ಒಂದೇ ಥರ ಕೂಗುತ್ತದೆ ಎನ್ನಬೇಡಿ. ಸಾಯುವ ಮುಂಚಿನ ಮೂರು ದಿನ ನಮ್ಮ ಕರುವಿನ ದನಿ ಒಡೆದು, ಕೂಗಿನ ಕೊನೆಗೆ ಕೆಮ್ಮು ಬರುತ್ತಿತ್ತು. ಅದೇ ಕೂಗು, ಅದೇ ಕೆಮ್ಮು. ಹೆಡ್‌ಫೋನ್ ತೆಗೆದರೆ ಪಕ್ಕದ ಮನೆಯ ಮಿಕ್ಸಿ ಬಿಟ್ಟು ಏನೂ ಇಲ್ಲ. ಮತ್ತೆ ಹಾಕಿಕೊಂಡರೆ ಕೂಗು. ಗೌರಿಯ ಕಿವಿಗೆ ಮಾತ್ರ ಯಾವ ಯಂತ್ರವೂ ಬೇಕಾಗಿರಲಿಲ್ಲ. ಹುಲ್ಲಿನ ಕರುವಿನ ಕಡೆ ತಿರುಗಿಯೂ ನೋಡದೆ ಗೇಟನ್ನೇ ನೋಡುತ್ತಿದ್ದಳು. ಗೇಟಿನ ಹತ್ತಿರ ಯಾರೂ ಇರಲಿಲ್ಲ.

ಆಮೇಲೆ ಗೌರಿ ಆ ಹುಲ್ಲಿನ ಕರುವನ್ನು ಮೂಸಲೂ ಇಲ್ಲ. ಮತ್ತೆ ಹೊಲಿಸಿದೆ, ಬೆಲ್ಲ ಸವರಿದೆ. ಒದ್ದಳು. ಹಾಲು ಬತ್ತಿತು. ಹದಿನೈದು ದಿನಕ್ಕೆ ಮಗ ಅವಳನ್ನು ಟೆಂಪೋ ಹತ್ತಿಸಿದ. ಎಲ್ಲಿಗೆ ಎಂದು ನಾನು ಕೇಳಲಿಲ್ಲ. ಕೇಳಿದರೆ ಹೇಳಿಬಿಡುತ್ತಾನೆ.

ಡಾಕ್ಯುಮೆಂಟರಿ ನೋಡಲು ಬನ್ನಿ ಎಂದು ಹುಡುಗಿ ಫೋನ್ ಮಾಡಿದಳು.

"ಆ ಕೂಗು ಹಾಕಿದ್ದೀಯೇನೇ?"

"ರೆಕಾರ್ಡಲ್ಲಿ ಇಲ್ಲ ಅಜ್ಜಿ. ಹತ್ತು ಸಲ ಕೇಳ್ದೆ. ಬರೀ ಮಿಕ್ಸಿ."

"ಅವತ್ತು ನಿಂಗೆ ಕೇಳಿಸ್ತೋ ಇಲ್ವೋ, ಅದು ಹೇಳು."

"ಕೇಳಿಸ್ತು" ಎಂದಳು.

ನಾನು ಹೋಗಲಿಲ್ಲ. ಗೌರಿ ಹುಲ್ಲಿನ ಕರು ನೆಕ್ಕುವುದನ್ನು ಕಂಡು ಜನ ಚಪ್ಪಾಳೆ ತಟ್ಟಿದರಂತೆ. ಹುಡುಗಿಯನ್ನು ಬೈದೆ, ಮಗನನ್ನು ಬೈದೆ. ಈಗ ಖಾಲಿ ಶೆಡ್ಡಿನಲ್ಲಿ ನಿಂತು ಆ ಕರುವನ್ನೂ ಬೈಯುತ್ತೇನೆ: ಬಂದಿದ್ದು ನೀನೇ ಆಗಿದ್ದರೆ, ನಿನ್ನ ತಾಯಿಗೆ ಏನು ಹೇಳಿ ಹೋದೆ?