ಮಾರ್ಗದರ್ಶಿಯೂ ಇದ್ದರು

ಮುಂದೆ ನೋಡಿಕೊಂಡು ನಡೆದೂ ಎಡವುವವರು ಲೋಕದಲ್ಲಿ ಕೋಟಿ ಜನ ಇದ್ದಾರೆ. ಹಿಂದುಹಿಂದಕ್ಕೆ ನಡೆದೂ ಎಡವದವನು ಒಬ್ಬನೇ, ನಮ್ಮೂರು ಕಾಸ್ತ್ರವೇಹದ ಮಾರ್ಗದರ್ಶಿ ಸತೂರ್ಯೊ. ಇಪ್ಪತ್ತೆರಡು ವರ್ಷಗಳಿಂದ ಪ್ರತಿ ಶನಿವಾರ, ಭಾನುವಾರ ಹನ್ನೆರಡು ಗಂಟೆ ಹೊಡೆದಾಗ ಅವನು ಚೌಕದ ಕಾರಂಜಿಯ ಬಳಿ ಮಡಿಸಿದ ಹಸಿರು ಕೊಡೆಯನ್ನು ಖಡ್ಗದಂತೆ ಎತ್ತುತ್ತಿದ್ದ. ಬಸ್ಸಿಳಿದು ಬಂದ ಪ್ರವಾಸಿಗರ ಕಡೆಗೆ ಮುಖ ಮಾಡಿ, ಬೆನ್ನು ಮುಂದಾಗಿ ಹೊರಟನೆಂದರೆ ಮುಕ್ಕಾಲು ಗಂಟೆ ಹಾಗೆಯೇ ನಡಿಗೆ. ಕೋಟೆಬಾಗಿಲ ಕಮಾನು, ಸವೆದ ಹದಿನೇಳು ಮೆಟ್ಟಿಲು, ಯಹೂದಿಗಳ ಕೇರಿಯ ಇಕ್ಕಟ್ಟು ಓಣಿ, ಯಾವುದನ್ನೂ ತಿರುಗಿ ನೋಡಿದವನಲ್ಲ. ಕೇಳುವವರಿಗೆ ಬೆನ್ನು ತೋರಿಸಬಾರದು ಎಂಬುದು ಅವನ ಧರ್ಮ. ಅವನ ಹಿಮ್ಮಡಿಗೆ ಕಣ್ಣಿದೆ ಎಂದು ಊರ ಮಕ್ಕಳು ನಂಬಿದ್ದರು. ಹಾಲಿನ ಲಾರಿ ಅವನಿಗೆ ದಾರಿ ಬಿಡುತ್ತಿತ್ತು. ಮದುವೆಯ ದಿನವೂ ಇಗರ್ಜಿಯ ಪೀಠದವರೆಗೆ ಹಿಂದುಹಿಂದಕ್ಕೇ ನಡೆದನೆಂದೂ, ಹೆಂಡತಿ ಯಾರೆಂದು ಅವನಿಗೆ ಗೊತ್ತಾಗುವಷ್ಟರಲ್ಲಿ ಉಂಗುರ ತೊಡಿಸಿಯಾಗಿತ್ತೆಂದೂ ಸ್ವತಃ ಅವನ ಹೆಂಡತಿ ಅರಾಸೆಲಿಯೇ ಹಬ್ಬಿಸಿದ್ದಳು. ಗಂಟೆಗೋಪುರದ ಕೊಕ್ಕರೆಗಳು ಅವನು ಬಂದಾಗ ಕೊಕ್ಕು ಬಡಿಯುತ್ತಿದ್ದವು. ಅದು ಚಪ್ಪಾಳೆ ಎಂದು ಅವನು ಹೇಳುತ್ತಿದ್ದ.

ಇಂಥ ಮಹಾನುಭಾವನಿಗೆ ಇದ್ದದ್ದು ಒಂದೇ ಆಸೆ. ಆಗಸ್ಟಿನಲ್ಲಿ ನಮ್ಮೂರ ಹಬ್ಬ ಶುರುವಾಗುವ ಸಂಜೆ ಒಬ್ಬರು ಪುರಸಭೆಯ ಬಾಲ್ಕನಿಯಲ್ಲಿ ನಿಂತು, ನಾಲ್ಕು ಮಾತಾಡಿ, ಹಬ್ಬ ಸಾರಬೇಕು. ಆ ಒಬ್ಬರು ಯಾರೆಂಬುದನ್ನು ಪುರಸಭೆ ಜೂನ್ ಕೊನೆಗೆ ತೀರ್ಮಾನಿಸುತ್ತದೆ. ಚೀಸ್ ಮಾಡುವವನು ಸಾರಿದ್ದಾನೆ. ಮಾದ್ರಿದ್‌ನಲ್ಲಿ ಹಲ್ಲಿನ ಡಾಕ್ಟರಾದ ಅಂಚೆಯವನ ಮಗಳು ಸಾರಿದ್ದಾಳೆ. ಟೀವಿಯಲ್ಲಿ ಹವಾಮಾನ ಹೇಳುವವನೊಬ್ಬ, ಅತ್ತೆ ನಮ್ಮೂರವಳೆಂಬ ಏಕೈಕ ಅರ್ಹತೆಯ ಮೇಲೆ, ಸಾರಿ ಹೋಗಿದ್ದಾನೆ. ಇವತ್ತು ಮಳೆಯಿಲ್ಲ ಎಂದ, ಆಲಿಕಲ್ಲು ಬಿತ್ತು. ಸತೂರ್ಯೊನನ್ನು ಮಾತ್ರ ಯಾರೂ ಕರೆದಿರಲಿಲ್ಲ. ಅವನ ಭಾಷಣವೋ ಹನ್ನೊಂದು ವರ್ಷದಿಂದ ಸಿದ್ಧವಾಗಿ ಕೂತಿತ್ತು. ಅದು ರೋಮನ್ನರಿಂದ ಶುರುವಾಗುತ್ತಿತ್ತು.

"ಈ ಸಲ ನಾನೇ," ಎಂದ ಏಪ್ರಿಲ್‌ನಲ್ಲಿ, ನನ್ನ ಬಾರಿನ ಕಟ್ಟೆಗೆ ಮೊಣಕೈ ಊರಿ. "ಇನ್ಯಾರು ಉಳಿದಿದ್ದಾರೆ ಹೇಳು?"

"ಕೊಕ್ಕರೆಗಳು," ಎಂದೆ.

ಉಳಿದಿದ್ದವರು ಇನ್ನೊಬ್ಬರಿದ್ದರು. ಒನೇಸಿಮಜ್ಜಿ.

ಸತೂರ್ಯೊನ ನಡಿಗೆ ಮುಗಿಯುವುದು ಊರಂಚಿನ ಸಂತ ಮಾಮೆಸನ ಪುಟ್ಟ ಇಗರ್ಜಿಯಲ್ಲಿ. ಒಂಬೈನೂರು ವರ್ಷ ಹಳೆಯದು, ಸದಾ ಬೀಗ. ಬಾಗಿಲ ಮೇಲೆ ಒಂದು ಚೀಟಿ: ಬೀಗದಕೈ ಎದುರು ಮನೆಯಲ್ಲಿ ಕೇಳಿ. ನಮ್ಮ ಕಡೆಯ ಎಲ್ಲ ಊರುಗಳಲ್ಲೂ ಹೀಗೆಯೇ. ಇಗರ್ಜಿಗೆ ಯಾರ ಮನೆ ಹತ್ತಿರವೋ ಅವರ ಬಳಿ ಬೀಗದಕೈ. ಎದುರು ಮನೆ ಒನೇಸಿಮಜ್ಜಿಯದು. ಅತ್ತೆಯಿಂದ ಬಂದದ್ದು, ಮನೆಯೂ, ಬೀಗದಕೈಯೂ. ಎಂಬತ್ತೊಂದು ವರ್ಷದ ಅಜ್ಜಿ ಏಪ್ರನ್ನಿನ ಜೇಬಿನಿಂದ ಮೊಳದುದ್ದದ ಕಬ್ಬಿಣದ ಬೀಗದಕೈ ತೆಗೆದು, ಬಾಗಿಲನ್ನು ಮೊಣಕಾಲಿನಿಂದ ಎತ್ತಿ, ತೆರೆಯುತ್ತಿದ್ದರು. ಅಷ್ಟೇ ಅವರ ಪಾಲು. ಮೂರು ನಿಮಿಷ.

ಆ ಮೂರು ನಿಮಿಷ ಸತೂರ್ಯೊನ ನಲವತ್ತೆರಡು ನಿಮಿಷಗಳನ್ನು ನುಂಗಿ ನೀರು ಕುಡಿಯುತ್ತಿತ್ತು. ಒಳಗಿನ ಕಂಬದ ನೆತ್ತಿಯಲ್ಲಿ ಒಂದು ಕೆತ್ತನೆ ಇದೆ. ಸತೂರ್ಯೊ ಕೊಡೆ ಎತ್ತಿ ಗಂಭೀರವಾಗಿ ಹೇಳುತ್ತಿದ್ದ: "ಸಿಂಹದ ಮೈ, ಹದ್ದಿನ ತಲೆ. ಮಣ್ಣು ಮತ್ತು ಮುಗಿಲಿನ ನಡುವೆ ತೊಳಲುವ ಮಾನವಾತ್ಮ."

ಹಿಂದಿನಿಂದ ಅಜ್ಜಿ: "ಕೋಳಿ ಕಣ್ರಪ್ಪಾ ಅದು."

"ಅಜ್ಜೀ..."

"ನಮ್ಮತ್ತೆ ಹೇಳ್ತಿದ್ದದ್ದು ಹೇಳ್ತೀನಿ ಮಗಾ, ಬೈಬೇಡ. ಕಲ್ಲುಕುಟಿಗ ಇಲ್ಲಿ ಕೆಲ್ಸ ಮಾಡೋವಾಗ ಪಾದ್ರಿ ದಿನಾ ಕೋಳಿ ಕೊಯ್ಸೋರಂತೆ. ತೊಡೆ ತಾವು ತಿನ್ನೋರಂತೆ, ಇವನಿಗೆ ಕತ್ತು. ಒಂದ್ ವರ್ಷ ಬರೀ ಕತ್ತು! ಅದಕ್ಕೇ ನೋಡಿ, ಕೋಳಿಗೆ ಕಾಲೇ ಕೆತ್ತಿಲ್ಲ. ತಿನ್ನಿ ಈಗ ತೊಡೆ, ಅಂತ."

ಜನ ಕತ್ತೆತ್ತಿ ನೋಡುತ್ತಿದ್ದರು. ಕಾಲಿಲ್ಲ! ಇಗರ್ಜಿ ನಗುವಿನಿಂದ ನಡುಗುತ್ತಿತ್ತು. ಆಮೇಲೆ ಅಜ್ಜಿ ಸೋಂಪು ಹಾಕಿ ಕರಿದ ಸಿಹಿ ಕೋಡುಬಳೆಗಳ ತಟ್ಟೆ ತರುತ್ತಿದ್ದರು, ಎಲ್ಲರೂ ಅವರ ಭುಜಕ್ಕೆ ಕೈಹಾಕಿ ಫೋಟೋ ತೆಗೆಸಿಕೊಳ್ಳುತ್ತಿದ್ದರು. ಫೋಟೋ ತೆಗೆಯಲು ಫೋನನ್ನು ಸತೂರ್ಯೊನ ಕೈಗೇ ಕೊಡುತ್ತಿದ್ದರು.

ಮೊದಲೆಲ್ಲ ಅದು ಅವನಿಗೆ ಬರೀ ಎದೆಯುರಿಯಾಗಿತ್ತು. ಬೆಂಕಿಯಾದದ್ದು ಪ್ರವಾಸಿಗರು ಫೋನಿನಲ್ಲಿ ಬರೆದುಹೋಗುವ ಅಭಿಪ್ರಾಯಗಳನ್ನು ಅವನು ಓದತೊಡಗಿದ ಮೇಲೆ. ಬಿಲ್ಬಾವೊದ ಒಬ್ಬಾಕೆ ಬರೆದಿದ್ದಳು: "ಐದಕ್ಕೆ ಐದು ನಕ್ಷತ್ರ. ಬೀಗದಕೈ ಅಜ್ಜಿಗೋಸ್ಕರವಾದರೂ ಈ ಊರಿಗೆ ಹೋಗಿ. ಮಾರ್ಗದರ್ಶಿಯೂ ಇದ್ದರು."

ಸತೂರ್ಯೊ ಅದನ್ನು ಕಟ್ಟೆಯ ಮೇಲೆ ನನ್ನ ಮುಂದಿಟ್ಟ. "ಓದು. ಕೊನೇ ಸಾಲು."

"ಸುಳ್ಳೇನಿಲ್ಲವಲ್ಲ. ನೀನಿದ್ದೆ ತಾನೆ?"

ಅವನು ವರ್ಮುತ್ ಅರ್ಧಕ್ಕೇ ಬಿಟ್ಟು ಎದ್ದುಹೋದ. ಇಪ್ಪತ್ತೆರಡು ವರ್ಷದಲ್ಲಿ ಅವನು ಲೋಟದಲ್ಲಿ ಏನಾದರೂ ಉಳಿಸಿದ್ದು ಅದೇ ಮೊದಲು.

ಅಲ್ಲಿಂದ ಯುದ್ಧ. ಮೊದಲು ಸಿಹಿಗೆ ಸಿಹಿ ಎಂದು ಅವನೂ ಬೇಕರಿಯಿಂದ ಬಾದಾಮಿ ಬಿಸ್ಕತ್ತು ಒಯ್ದು ಹಂಚಿದ. "ಅಜ್ಜಿ ಮಾಡಿದ್ದಾ?" ಎಂದು ಕೇಳಿದರು. ಮರುವಾರ ಇಗರ್ಜಿ ದುರಸ್ತಿಯಲ್ಲಿದೆ ಎಂದು ಸಾರಿ ನಡಿಗೆಯನ್ನು ಕೋಟೆಗೋಡೆಯ ಹತ್ತಿರವೇ ಮುಗಿಸಿದ. ಪ್ರವಾಸಿಗರು ಅವನ ಕೈಕುಲುಕಿ, ಅವನನ್ನು ಅಲ್ಲಿಯೇ ಬಿಟ್ಟು, ದಾರಿ ಕೇಳಿಕೊಂಡು ಅಜ್ಜಿಯ ಮನೆಗೆ ಹೋದರು.

ಮೇ ತಿಂಗಳಲ್ಲಿ ಸಿಡಿಲೇ ಬಡಿಯಿತು. ಮೇಯರ್ ಹೆರ್ಮಿನಿಯ ಅವರು ಕಾಫಿ ಕುಡಿಯುತ್ತ, ಯಾವ ದುರುದ್ದೇಶವೂ ಇಲ್ಲದೆ, "ಈ ಸಲ ಹಬ್ಬ ಸಾರೋಕೆ ಒನೇಸಿಮಜ್ಜೀನ ಕರೆದ್ರೆ ಹೇಗೆ?" ಎಂದುಬಿಟ್ಟರು. ಬಾರಿನಲ್ಲಿದ್ದವರೆಲ್ಲ ಭೇಷ್ ಎಂದರು. ಮೂಲೆಯಲ್ಲಿದ್ದ ಸತೂರ್ಯೊನ ಮುಖ ಹಸಿರು ಕೊಡೆಯ ಬಣ್ಣಕ್ಕೆ ತಿರುಗಿತು.

ಅವತ್ತು ಅವನಿಗೆ ಜ್ಞಾನೋದಯವಾಯಿತು. ಅಜ್ಜಿಯ ಮಹಿಮೆ ಅಜ್ಜಿಯಲ್ಲಿಲ್ಲ, ಬೀಗದಕೈಯಲ್ಲಿದೆ! ಮಾಂತ್ರಿಕನ ಪ್ರಾಣ ಗಿಣಿಯಲ್ಲಿದ್ದ ಹಾಗೆ. ಗಿಣಿಯನ್ನು ಹಿಡಿದರೆ ಮುಗಿಯಿತು. ಮರುದಿನವೇ ಪುರಸಭೆಗೆ ಹೋಗಿ ಮೂರು ಪುಟದ ಅರ್ಜಿ ಕೊಟ್ಟ. ಅಧಿಕೃತ ಮಾರ್ಗದರ್ಶಿಯ ಬಳಿಯೇ ಬೀಗದಕೈ ಇರುವುದು ಹೇಗೆ ಶಾಸ್ತ್ರೀಯ, ಹೇಗೆ ಸುರಕ್ಷಿತ, ವೃದ್ಧೆಗೆ ಹೇಗೆ ವಿಶ್ರಾಂತಿ ಇತ್ಯಾದಿ.

"ಬೀಗದಕೈ ಜೊತೆ ಅದರ ಪಾಡೂ ಬರುತ್ತೆ ಸತೂರ್ಯೊ," ಎಂದರು ಹೆರ್ಮಿನಿಯ. "ಕಸ ಗುಡಿಸ್ಬೇಕು, ಹೂ ಇಡ್ಬೇಕು, ಯಾರು ಯಾವಾಗ ಬಂದು ಕೇಳಿದ್ರೂ ಹೋಗಿ ತೆಗೀಬೇಕು. ಅದು ಪದ್ಧತಿ."

"ಎಲ್ಲ ಮಾಡ್ತೀನಿ."

ಅಜ್ಜಿ ಜಗಳವಾಡುತ್ತಾರೆಂದು ಅವನು ಒಂದು ಭಾಷಣ ತಯಾರಿಸಿಕೊಂಡು ಹೋಗಿದ್ದ. ಅವರು ಬೀಗದಕೈಯನ್ನು ಏಪ್ರನ್ನಿನ ತುದಿಯಲ್ಲಿ ಒರೆಸಿ ಕೈಗಿತ್ತು, "ತಗೋ ಮಗಾ, ಆಲಿವ್ ಎಣ್ಣೆ ಹಚ್ತಾ ಇರು," ಎಂದರು. ಗೆದ್ದವನಿಗೆ ಇಷ್ಟು ಸಲೀಸಾಗಿ ಸಿಕ್ಕಿದ್ದು ಹಿಡಿಸಲಿಲ್ಲ.

ಚೀಟಿ ಬದಲಾಯಿತು: ಬೀಗದಕೈ ಸತೂರ್ಯೊನ ಮನೆಯಲ್ಲಿ, ಕೋಟೆ ಬೀದಿ. ಕೋಟೆ ಬೀದಿ ಊರಿನ ಆ ತುದಿ, ಗುಡ್ಡದ ಮೇಲೆ. ಊಟ ಮುಗಿಸಿ ಊರಿಗೆ ಊರೇ ಕಣ್ಣು ಮುಚ್ಚುವ ಮೂರೂವರೆ ಗಂಟೆಗೆ, ಏದುಸಿರು ಬಿಡುತ್ತ ಹತ್ತಿಬಂದವರು ಬಾಗಿಲು ಬಡಿಯತೊಡಗಿದರು. ಒಮ್ಮೆ ಇಬ್ಬರು ಜರ್ಮನ್ನರು, ಒಮ್ಮೆ ಹರಕೆಯ ಮೇಣದಬತ್ತಿ ಹಿಡಿದ ಬಸುರಿ, ಒಮ್ಮೆ ವಾಸ್ತುಶಿಲ್ಪದ ಹದಿನೆಂಟು ವಿದ್ಯಾರ್ಥಿಗಳು.

"ಏಳಿ ಸಂತ ಪೇತ್ರರೇ," ಎನ್ನುತ್ತಿದ್ದಳು ಅರಾಸೆಲಿ, ದಿಂಬಿನಿಂದ ತಲೆ ಎತ್ತದೆ. "ಸ್ವರ್ಗದ ಬಾಗಿಲು ತೆಗೀಬೇಕಂತೆ. ಹಾಗೇ ನನ್ನ ನಿದ್ದೇನೂ ವಾಪಸ್ ಇಸ್ಕೊಂಡ್ ಬನ್ನಿ. ಎಂಬತ್ತೊಂದು ವರ್ಷದ ಮುದುಕಿ ಮೇಲೆ ಹೊಟ್ಟೆಕಿಚ್ಚು ಪಡೋ ಗಂಡಸನ್ನ ಮದುವೆಯಾದೆನಲ್ಲ, ನನ್ನ ಹಣೆಬರಹ. ಬೇರೆ ಹೆಂಗಸರ ಗಂಡಂದಿರು ಇನ್ನೊಬ್ಬನ ಕಾರು ನೋಡಿ ಕರುಬ್ತಾರೆ."

"ಹೊಟ್ಟೆಕಿಚ್ಚಲ್ಲ, ಇದು ವೃತ್ತಿಗೌರವ."

"ಹಾಗಾದ್ರೆ ವೃತ್ತಿಗೌರವಾನ ಸ್ವಲ್ಪ ಮೆಲ್ಲಗೆ ಮೆಟ್ಟಿಲಿಳ್ಸಿ, ಸದ್ದಾಗುತ್ತೆ."

ಅವನು ಎಲ್ಲ ಸಹಿಸಿದ. ಜೂನ್ ಕೊನೆಯ ಭಾನುವಾರಕ್ಕಾಗಿ ಕಾದಿದ್ದ. ಪುರಸಭೆ ಮರುದಿನ ತೀರ್ಮಾನಿಸಲಿತ್ತು, ಮೇಯರ್ ಆ ದಿನ ತಾವೂ ನಡಿಗೆಗೆ ಬರುವುದಾಗಿ ಹೇಳಿದ್ದರು. ಸಾರಗೋಸದಿಂದ ಮೂವತ್ನಾಲ್ಕು ನಿವೃತ್ತರ ಬಸ್ಸು ಬಂದಿತ್ತು. ಬಾರಿಗೆ ತಂಗಿಯನ್ನು ಕೂರಿಸಿ ನಾನೂ ಹೊರಟೆ. ಇಂಥದ್ದನ್ನು ಬಿಡುವುದುಂಟೆ?

ಹನ್ನೆರಡಕ್ಕೆ ಸತೂರ್ಯೊ ಕೊಡೆ ಎತ್ತಿದ. ಜೇಬಿನಲ್ಲಿ ಬೀಗದಕೈ ಫಿರಂಗಿಯಂತೆ ಚಾಚಿತ್ತು. ಅಷ್ಟರಲ್ಲಿ ಭಾನುವಾರದ ಬೂಟು ಹಾಕಿಕೊಂಡು, ಮಡಿಸುವ ಕುರ್ಚಿಯನ್ನು ಕಂಕುಳಲ್ಲಿ ಇಟ್ಟುಕೊಂಡು ಒನೇಸಿಮಜ್ಜಿ ಬಂದರು.

"ನನ್ನೂ ಸೇರಿಸ್ಕೋ ಮಗಾ. ಎಂಬತ್ತೊಂದು ವರ್ಷ ಆಯ್ತು, ನಮ್ಮೂರೇ ಸರಿಯಾಗಿ ನೋಡಿಲ್ಲ. ಯಾರಾದ್ರೂ ಬಂದು ಬೀಗದಕೈ ಕೇಳ್ತಾರೆ ಅಂತ ಮನೆ ಬಿಟ್ಟು ಎಲ್ಲೂ ಹೋಗ್ತಿರ್ಲಿಲ್ಲ. ನೀನು ಬಿಡುಗಡೆ ಮಾಡ್ದೆ. ದೇವ್ರು ನಿನ್ನ ಚೆನ್ನಾಗಿಟ್ಟಿರ್ಲಿ."

ಸತೂರ್ಯೊ ಕೊಡೆ ಇಳಿಸಿ, ಮತ್ತೆ ಎತ್ತಿ, ರೋಮನ್ನರಿಂದ ಶುರು ಮಾಡಿದ.

ಅಜ್ಜಿ ಕೆಟ್ಟದ್ದೇನೂ ಮಾಡಲಿಲ್ಲ. ಎಲ್ಲರಿಗಿಂತ ಶ್ರದ್ಧೆಯಿಂದ ಕೇಳಿದರು. ಪ್ರತಿ ನಿಲುಗಡೆಯಲ್ಲೂ ಕುರ್ಚಿ ಬಿಡಿಸಿ ಕೂತು, "ಹೌದಾ! ನಂಗೊತ್ತೇ ಇರ್ಲಿಲ್ಲ," ಎಂದರು. ಆದರೆ ಮಾರ್ಕಿಸನ ಅರಮನೆಯ ಮುಂದೆ ಸತೂರ್ಯೊ ಬಾಗಿಲ ಮೇಲಿನ ಕಲ್ಲಿನ ಸಿಂಹ ತೋರಿಸಿ ವಂಶಾವಳಿ ಹೇಳುತ್ತಿದ್ದಾಗ, ಪಕ್ಕದಲ್ಲಿದ್ದ ಹೆಂಗಸಿಗೆ ಮೆಲ್ಲಗೆ, "ಆ ಸಿಂಹದ ಬಾಯಿಗೆ ಹಗ್ಗ ಕಟ್ಟಿ ನಾವು ಒಳಲಂಗ ಒಣಗಿಸ್ತಿದ್ವಿ. ಬಿಸಿಲು ಅಲ್ಲೇ ಚೆನ್ನಾಗಿ ಬೀಳೋದು," ಎಂದರು. ಆ ಹೆಂಗಸು ನಕ್ಕಳು. ಇನ್ನೊಬ್ಬಳು ಏನೆಂದು ಕೇಳಿದಳು. ಕಮಾನಿನ ಬಳಿ ಹತ್ತು ಜನ ಅಜ್ಜಿಯ ಸುತ್ತ ಇದ್ದರು, ಮೆಟ್ಟಿಲ ಬಳಿ ಇಪ್ಪತ್ತು. ಯಹೂದಿಗಳ ಕೇರಿಗೆ ಬರುವಷ್ಟರಲ್ಲಿ, ಜಗತ್ತಿಗೆ ಎಂದೂ ಬೆನ್ನು ತೋರಿಸದ ಸತೂರ್ಯೊನಿಗೆ ಮೂವತ್ನಾಲ್ಕು ಬೆನ್ನುಗಳು ಕಾಣುತ್ತಿದ್ದವು. ಮೇಯರರದು ಸೇರಿ ಮೂವತ್ತೈದು. ಮೂರು ನಿಮಿಷದ ಅಜ್ಜಿಗೆ ಅವನು ಮುಕ್ಕಾಲು ಗಂಟೆಯನ್ನು ಕೈಯಾರೆ ಕೊಟ್ಟಿದ್ದ.

ಇಗರ್ಜಿಯಲ್ಲಿ ಕೊನೆಯ ಕಾಳಗ. ಬಾಗಿಲು ತೆಗೆದ, ಕಂಬದ ಕೆಳಗೆ ನಿಂತ, ಉಸಿರೆಳೆದು, "ಇಲ್ಲಿ ಕಾಣುವುದು..." ಎಂದ.

"ಕೋಳಿ!" ಎಂದರು ಮೂವತ್ನಾಲ್ಕು ನಿವೃತ್ತರು ಒಕ್ಕೊರಲಿನಿಂದ. ಎಲ್ಲರೂ ಬಸ್ಸಿನಲ್ಲೇ ಫೋನಿನಲ್ಲಿ ಓದಿಕೊಂಡು ಬಂದಿದ್ದರು. ಮೇಯರ್ ಕಣ್ಣೊರೆಸಿಕೊಳ್ಳುತ್ತ ಹೊರಗೆ ಹೋದರು, ಭಕ್ತಿಯಿಂದಲ್ಲ.

ಸೋಮವಾರ ಪುರಸಭೆ ಐದು ನಿಮಿಷದಲ್ಲಿ ಒಮ್ಮತಕ್ಕೆ ಬಂತು. ಅಜ್ಜಿಯನ್ನು ಕೇಳಲು ಹೆರ್ಮಿನಿಯ ತಾವೇ ಹೋದರು.

"ಬಾಲ್ಕನೀಗಾ? ಮಂಡಿ ಎಲ್ಲಿ ಒಪ್ಪುತ್ತೆ ತಾಯಿ," ಎಂದರಂತೆ ಅಜ್ಜಿ. "ಅಲ್ಲದೆ ಅಷ್ಟೆತ್ತರದಿಂದ ಏನು ಮಾತಾಡೋದು? ಯಾರ ಮುಖಾನೂ ಕಾಣಲ್ಲ. ಸತೂರ್ಯೊನ ಕೇಳಿ. ಪಾಪ, ಅವನಿಗೆ ತುಂಬಾ ಆಸೆ."

ಆ ಸಂಜೆಯೇ ಮೇಯರ್ ನನ್ನ ಬಾರಿಗೆ ಬಂದು, ಎಲ್ಲರ ಎದುರು, ನಡೆದದ್ದನ್ನೆಲ್ಲ ಮುಚ್ಚುಮರೆಯಿಲ್ಲದೆ ಹೇಳಿ, "ಈ ಸಲ ಹಬ್ಬ ನೀನೇ ಸಾರ್ಬೇಕು ಸತೂರ್ಯೊ," ಎಂದರು.

ಇಪ್ಪತ್ತೆರಡು ವರ್ಷದ ತಪಸ್ಸು! ದೇವತೆ ಪ್ರತ್ಯಕ್ಷಳಾಗಿ ವರ ಕೇಳು ಎನ್ನುತ್ತಿದ್ದಾಳೆ. ಇಸ್ಪೀಟಾಟ ನಿಂತಿತು. ಹಂದಿಯ ತುಂಡು ಹುರಿಯುತ್ತಿದ್ದ ಎಣ್ಣೆಯೂ ಸದ್ದು ತಗ್ಗಿಸಿತು.

"ಬೇಡ," ಎಂದ ಸತೂರ್ಯೊ.

ಮರುದಿನ ಬೀಗದಕೈಯನ್ನು ಬ್ರೆಡ್ಡಿನ ಚೀಲದಲ್ಲಿ ಹಾಕಿ ಅಜ್ಜಿಯ ಬಾಗಿಲ ಹಿಡಿಗೆ ತೂಗುಹಾಕಿ ಬಂದ. ಹಬ್ಬವನ್ನು ಆ ವರ್ಷ ಪಶುವೈದ್ಯರು ಸಾರಿದರು, ಕುರಿಗಳ ಜಂತುಹುಳದ ವಿಷಯವಾಗಿ ಉಪಯುಕ್ತ ಮಾಹಿತಿಯೊಂದಿಗೆ.

ಆದರೆ ಊರು ಆ ಒಂದು 'ಬೇಡ'ವನ್ನು ಸುಮ್ಮನೆ ಬಿಡಲಿಲ್ಲ. ಕ್ಷೌರದಂಗಡಿಯಲ್ಲಿ ಅದು ಪಶ್ಚಾತ್ತಾಪವಾಯಿತು. ಬೇಕರಿಯ ಸಾಲಿನಲ್ಲಿ ವೈರಾಗ್ಯವಾಯಿತು. ಕೈಗೆ ಬಂದ ಕೀರ್ತಿಯನ್ನು ಒಬ್ಬ ಮುದುಕಿಯ ಗೌರವಕ್ಕಾಗಿ ತ್ಯಜಿಸಿದ ದೊಡ್ಡ ಜೀವ ಎಂದು ಪಾದ್ರಿಗಳು ಪ್ರವಚನದಲ್ಲಿ ಹೆಸರು ಹೇಳದೆ ಹೊಗಳಿದರು. ಹೆಂಗಸರು ಅವನನ್ನು ನೋಡಿ ತಲೆಬಾಗತೊಡಗಿದರು. ಅರಾಸೆಲಿ ಕೂಡ ಒಂದು ವಾರ ತಮಾಷೆ ಮಾಡಲಿಲ್ಲ.

ಸೆಪ್ಟೆಂಬರಿನ ಒಂದು ಭಾನುವಾರ, ನಡಿಗೆ ಮುಗಿಸಿ ಬಂದವನಿಗೆ ವರ್ಮುತ್ ಸುರಿದು, ಬಾರಿನಲ್ಲಿ ಇನ್ನಾರೂ ಇಲ್ಲದ್ದು ನೋಡಿ, ನಾನೂ ಸ್ವಲ್ಪ ಭಕ್ತಿಯಿಂದಲೇ ಕೇಳಿದೆ:

"ಸತೂರ್ಯೊ, ನಿಜ ಹೇಳು. ಅಂಥಾ ಅವಕಾಶಾನ ಯಾಕೆ ಬೇಡ ಅಂದೆ?"

ಅವನು ಬಾಯೊಳಗಿನ ಆಲಿವ್ ಬೀಜವನ್ನು ತಟ್ಟೆಯ ಅಂಚಿಗೆ ಇಟ್ಟ.

"ಮೊದ್ಲು ಆ ಅಜ್ಜೀನ ಕೇಳಿದ್ರಲ್ಲ," ಎಂದ.