ಭೀಮರಾಯರು ಕೇಳಿಸಿಕೊಂಡ ಮಾತು

ಭೀಮರಾಯರ ಕಿವಿ ಚುರುಕಾಗಿಯೇ ಇತ್ತು. ಆದರೂ ಯಾರು ಏನು ಹೇಳಿದರೂ ಎರಡು ಸಲ ಹೇಳಿಸುತ್ತಿದ್ದರು. ಪುಣೆಯ ವಾಡೆಯಲ್ಲಿ ಅವರ ಕೋಣೆ ನಮ್ಮ ಮಗ್ಗುಲಿಗೇ. ಸೊಪ್ಪು ಮಾರುವವಳಿಗೂ "ಪುನ್ಹಾ ಸಾಂಗಾ" ಎಂದು ಮತ್ತೊಮ್ಮೆ ಕೂಗಿಸಿ, ಆ ಮಾತನ್ನು ತಾವೂ ಆಡಿ ನೋಡಿಯೇ ಕೊಳ್ಳುವರು. ಧಾರವಾಡದಿಂದ ಹೊಸ ಸೊಸೆಯಾಗಿ ಬಂದ ನನಗೂ ಈ ಕಾಟ ತಪ್ಪಲಿಲ್ಲ. ಒಂದು ದಿನ ಒಲೆಯ ಮೇಲೆ ಹಾಲು ಉಕ್ಕುತ್ತಿದ್ದಾಗ ಮೂರನೇ ಸಲ "ಏನಂದಿ ತಂಗಿ?" ಎಂದರು. ನನ್ನ ನಾಲಿಗೆಗೆ ಲಗಾಮು ಎಲ್ಲಿತ್ತು? "ನಿಮಗ ಕಿವಿ ಕೇಳಿಸೂದಿಲ್ಲೇನ್ರಿ?" ಎಂದುಬಿಟ್ಟೆ.

ಅವರು ಸಿಟ್ಟಾಗಲಿಲ್ಲ. ಹೊಸ್ತಿಲ ಹತ್ತಿರ ಕೂತು ಹೇಳಿದರು.

ಪ್ರಾಯದಲ್ಲಿ ಅವರು ಬಲೂಚಿಸ್ತಾನದ ಮರುಭೂಮಿಯ ಕಲ್ಲಿದ್ದಲು ಗಣಿಯೊಂದರಲ್ಲಿ ದೀಪ ಹಂಚುವ ಗುಮಾಸ್ತರಾಗಿದ್ದರು. ಹೆಸರಿಗೆ ಒಂದು ಗಿಡವಿಲ್ಲದ ಊರು. ರೈಲು ಓಡಲು ಅಲ್ಲಿಯ ಕಲ್ಲಿದ್ದಲು ಬೇಕು, ಅದನ್ನು ಅಗೆಯುವವರಿಗೆ ನೀರು ಬೇಕು, ಆ ನೀರು ರೈಲಿನಲ್ಲೇ ಬರಬೇಕು. ನೆಲದೊಳಗೆ ಕಲ್ಲಿದ್ದಲು ತಾನಾಗಿಯೇ ಹೊತ್ತಿಕೊಂಡು ಹೊಗೆಯಾಡುತ್ತಿತ್ತಂತೆ. ಅದಕ್ಕಿಂತ ಹೆಚ್ಚಿನ ಭಯ ಸುರಂಗದ ಚಾವಣಿಯದು.

"ಮುರಾದ ಅಂತ ಒಬ್ಬಾಂವ ಇದ್ದ. ಗುಡ್ಡದ ಬ್ರಾಹುಯಿ ಮಂದಿ. ಒಂದು ಮುಂಜಾನೆ ಮ್ಯಾಲೆ ಬಟ್ಟು ಮಾಡಿ 'ಖಲ್, ಖಲ್' ಅಂದ. ಹಿಂದುಸ್ತಾನಿಯ 'ಕಲ್' ಅಂದ್ಕೊಂಡೆ. ನಾಳೆ ಗುಡ್ಡಕ್ಕ ಹೋಗ್ತೀನಿ ಅಂತಾನ ಅಂತ ತಿಳದು, 'ಹಾಂ, ಕಲ್ ಜಾನಾ' ಅಂತ ದೀಪಾ ಕೊಟ್ಟು ಇಳಿಸಿದೆ. ಮಧ್ಯಾಹ್ನ ಚಾವಣಿ ಕುಸೀತು. ಅವನ ಮೈಮ್ಯಾಲಿನ ಬಂಡೆ ಎತ್ತೂವಾಗ ಅವರ ಮಂದಿ ಎಲ್ಲಾ 'ಖಲ್, ಖಲ್' ಅಂತ ಒದರತಿದ್ರು. ಆಗ ತಿಳೀತು. ಕಲ್ಲು, ತಂಗಿ! ನಮ್ಮ ಕಲ್ಲು! ಅವರ ಬ್ರಾಹುಯಿ ಮಾತೂ ನಮ್ಮ ಕನ್ನಡದ ಬಳಗದ್ದಂತ. ಕಲ್ಲು ಸಡಲ್ಯಾದ ಅಂತ ನನ್ನ ಮಾತಿನಾಗನ ಹೇಳಿದ್ದ."

ಅವನ ಹೆಂಡತಿಗೆ ಇದನ್ನು ಹೇಳುವ ಧೈರ್ಯ ಅವರಿಗಾಗಲಿಲ್ಲ. ಆ ವಾರವೇ ರೈಲು ಹತ್ತಿದರು. "ಒಮ್ಮೆ ಆಕಿಗೆ ಖರೇ ಹೇಳಿ ಸಾಯಬೇಕು" ಎನ್ನುತ್ತಿದ್ದರು. ಹೋಗಲು ಮಾತ್ರ ಕಾಲು ಬರಲಿಲ್ಲ.

ದೇಶ ಒಡೆಯಿತು. ಪಿಂಪ್ರಿಯಲ್ಲಿ ನಿರಾಶ್ರಿತರ ಡೇರೆಗಳು ಎದ್ದವು. ರಾಯರು ವಾರವಾರವೂ ಅಲ್ಲಿಗೆ ಹೋಗಿ ಆ ಗಣಿಯೂರಿನವರು ಯಾರಾದರೂ ಬಂದಿದ್ದಾರೆಯೇ ಎಂದು ವಿಚಾರಿಸುವರು. ಹಳೆಯ ಬಟ್ಟೆ ಕೊಡಲೆಂದು ನಾನೂ ಜೊತೆಗೆ ಹೋದ ದಿನವೇ ಒಬ್ಬ ಜವಳಿ ವ್ಯಾಪಾರಿ ಸಿಕ್ಕ. ರಾಯರ ಗುರುತು ಹತ್ತಿ ಖುಷಿಯಾದ. "ಮುರಾದನ ಹೆಂಡತಿ ಬದುಕಿದ್ದಾಳೆ ಬಾಬೂಜಿ. ಇವತ್ತಿಗೂ ಗಂಡನನ್ನೇ ಬೈಯುತ್ತಾಳೆ. ದೀಪದ ಬಾಬು ದೇವರಂಥವನು, ಒಂದು ಮಾತು ಹೇಳಿದ್ದರೆ ತಡೆಯುತ್ತಿದ್ದ, ಈ ಮೊಂಡ ಬಾಯಿ ಬಿಡದೆ ಹೋಗಿ ಸತ್ತ ಅನ್ನುತ್ತಾಳೆ" ಎಂದು ಹಿಂದುಸ್ತಾನಿಯಲ್ಲಿ ಹೇಳಿದ.

ರಾಯರಿಗೆ ಬರುತ್ತಿದ್ದ ಹಿಂದುಸ್ತಾನಿಯೆಲ್ಲ ಆ ಗಳಿಗೆಯಲ್ಲಿ ಮರೆತುಹೋಯಿತು. ಅವನ ಎರಡೂ ಕೈ ಹಿಡಿದುಕೊಂಡು, "ಹೇಳಿದ್ದ ರೀ... ಅಂವಾ ಹೇಳಿದ್ದ..." ಎಂದು ಕನ್ನಡದಲ್ಲಿ ಅತ್ತರು.

ವ್ಯಾಪಾರಿ ಗಾಬರಿಯಿಂದ ನನ್ನ ಕಡೆ ತಿರುಗಿದ. "ಏನನ್ನುತ್ತಿದ್ದಾರೆ? ಊರಿಗೆ ಕಾಗದ ಬರೆಯುವವನಿದ್ದೇನೆ. ಆಕೆಗೆ ಏನೆಂದು ತಿಳಿಸಲಿ?"

ಅಳುವ ಮುದುಕರನ್ನು ನೋಡಿದೆ. "ಬಾಬು ಕ್ಷೇಮವಾಗಿದ್ದಾರೆ ಎಂದು ಬರೆಯಿರಿ" ಎಂದೆ.

ಆ ಚಳಿಗಾಲ ಮುಗಿಯುವ ಮೊದಲೇ ರಾಯರು ತೀರಿಕೊಂಡರು. ಹೇಳಿಯೂ ಹೇಳಲಿಲ್ಲವೆಂಬ ಅಪವಾದ ಮುರಾದನ ಮೇಲೆ ಹಾಗೆಯೇ ಉಳಿಯಿತು. ಅದರಲ್ಲಿ ಈಗ ನನ್ನ ಪಾಲೂ ಇದೆ.