ನೆತ್ತರಬಳ್ಳಿಯ ರಾಜ್ಯ

ಅಥಣಿಯಿಂದ ಕಾಗವಾಡದ ಮೇಲೆ ಮಿರಜಿಗೆ ಹೋಗುವ ಬಸ್ಸಿನಲ್ಲಿ ನಾನು ಒಂದು ರಾಜ್ಯ ಕಟ್ಟಿದೆ. ಕಟ್ಟುವ ಉಮೇದು ಏನೂ ಇರಲಿಲ್ಲ. ನನ್ನ ಸಣ್ಣ ಮಗಳ ಮೈಯಲ್ಲಿ ರಕ್ತ ಸರಿಯಾಗಿ ತಯಾರಾಗುವುದಿಲ್ಲ. ಹುಟ್ಟಿನಿಂದ ಬಂದ ಕಾಯಿಲೆ. ಮೂರು ವಾರಕ್ಕೊಮ್ಮೆ ಮಿರಜಿನ ದವಾಖಾನೆಗೆ ಹೋಗಿ ಬೇರೆಯವರ ರಕ್ತ ಏರಿಸಿಕೊಂಡು ಬರಬೇಕು. ಹೋಗುವಾಗ ಅವಳಿಗೆ ನೆಟ್ಟಗೆ ಕೂರಲೂ ತ್ರಾಣವಿರುವುದಿಲ್ಲ, ಸೂಜಿಯ ನೆನಪಿಗೇ ಮುಖ ಸಣ್ಣದಾಗುತ್ತದೆ. ಬಾಯಿ ಮುಚ್ಚಿಕೊಂಡು ಕೂತರೆ ನನಗೇ ಅಳು ಬರುತ್ತಿತ್ತು. ಅದಕ್ಕೇ ಈ ಕಥೆ.

ಆ ರಾಜ್ಯದಲ್ಲಿ ಯಾರ ಮೈಯಲ್ಲೂ ರಕ್ತವಿಲ್ಲ. ಹಾಗಾಗಿ ಎಲ್ಲರೂ ಹಗುರ, ಗಾಳಿ ಬಿಟ್ಟರೆ ಹಾರಿಹೋಗುತ್ತಾರೆ. ಮಕ್ಕಳ ಸೊಂಟಕ್ಕೆ ಕಲ್ಲು ಕಟ್ಟಿ ಶಾಲೆಗೆ ಕಳಿಸುತ್ತಾರೆ. ಮದುವೆಯಲ್ಲಿ ತಾಳಿಯ ಬದಲು ಗಂಡ ಹೆಂಡತಿ ಇಬ್ಬರಿಗೂ ಸೇರಿಸಿ ಒಂದೇ ಹಗ್ಗ ಬಿಗಿಯುತ್ತಾರೆ. ಊರ ನಡುವೆ ಒಂದೇ ಒಂದು ನೆತ್ತರಬಳ್ಳಿ. ಅದರ ಕುಡಿ ಚಿವುಟಿದರೆ ಕೆಂಪು ರಸ ಒಸರುತ್ತದೆ. ಒಂದು ಹನಿ ನಾಲಿಗೆಗೆ ಬಿದ್ದರೆ ಮೈ ಭಾರವಾಗಿ ಕಾಲು ನೆಲಕ್ಕೆ ಹತ್ತುತ್ತದೆ. ಅದೂ ಕೆಲವೇ ದಿನ, ಆಮೇಲೆ ಮತ್ತೆ ಪಾಳಿ ಹಚ್ಚಬೇಕು. ಪಾಳಿಯ ನಡುವೆ ನುಗ್ಗುವವರನ್ನು ಬಳ್ಳಿಯೇ ಜುಟ್ಟು ಹಿಡಿದು ಹಿಂದಕ್ಕೆ ಎಳೆಯುತ್ತದೆ. ಇದು ಮಗಳು ಸೇರಿಸಿದ್ದು. ಕಾಗವಾಡದ ಬಸ್‌ಸ್ಟ್ಯಾಂಡಿನ ನೂಕಾಟ ನೋಡಿ ಅವಳಿಗೆ ಹೊಳೆದ ಕಾಯಿದೆ. ರಾಜ ಯಾಕೆ ಬೇಕು ಎಂದು ಕೇಳಿ ಒಂದು ದಿನ ಅವನನ್ನೂ ಗಾಳಿಗೆ ಬಿಟ್ಟಳು. ಬಲು ಘಾಟಿ.

ಕಳೆದ ಮಳೆಗಾಲದಲ್ಲಿ ಡಾಕ್ಟರು ಬೇರೆ ಮಾತು ತೆಗೆದರು. ದೊಡ್ಡ ಮಗಳದು ಸಣ್ಣವಳಿಗೆ ಹೊಂದುತ್ತದೆ. ಪುಣೆಗೆ ಹೋಗಿ ಅಕ್ಕನ ಎಲುಬಿನೊಳಗಿನ ಮಜ್ಜೆಯನ್ನು ತಂಗಿಗೆ ಹಾಕಿಸಿದರೆ ಇವಳ ಮೈಯೇ ರಕ್ತ ತಯಾರಿಸಬಹುದು. ಅಪಾಯ ಇಲ್ಲದಿಲ್ಲ, ಆದರೆ ವಯಸ್ಸು ಏರಿದಷ್ಟೂ ಅದು ಹೆಚ್ಚು, ತಡ ಮಾಡಬೇಡಿ ಎಂದರು. ದೊಡ್ಡವಳು ಕೇಳಿದ್ದೇ ತಡ ಹೂಂ ಅಂದಳು. ಸಣ್ಣವಳು ವಾರಗಟ್ಟಲೆ ಒಂದೇ ಕೋಣೆಯಲ್ಲಿ ಇರಬೇಕಾಗುತ್ತದೆ, ಮನಸ್ಸಿಟ್ಟು ಬರಬೇಕು, ತಿಳಿಸಿ ಹೇಳಿ ಎಂದು ಆ ಕೆಲಸ ನನಗೆ ವಹಿಸಿದರು.

ತಿಳಿಸಿ ಹೇಳಿದೆ. ನಮ್ಮದು ದ್ರಾಕ್ಷಿ ತೋಟದ ಮನೆ, ಆಗ ಕಲಂ ಕಟ್ಟುವ ಹಂಗಾಮು. ಸಾಂಗಲಿ ಕಡೆಯ ಆಳುಗಳು ನೆಲದಲ್ಲಿ ಬೇರೂರಿದ ಜಂಗಲಿ ಬಳ್ಳಿಯ ತಲೆ ಕತ್ತರಿಸಿ, ಸೀಳಿ, ಅದರಲ್ಲಿ ಒಳ್ಳೆಯ ದ್ರಾಕ್ಷಿಯ ಕಡ್ಡಿ ಕೂಡಿಸಿ ಪಟ್ಟಿ ಸುತ್ತುತ್ತಿದ್ದರು. ಅವಳನ್ನು ಬದುವಿನ ಮೇಲೆ ಕೂರಿಸಿಕೊಂಡು ನನ್ನ ರಾಜ್ಯಕ್ಕೆ ಮಂಗಳ ಹಾಡಿದೆ. ಒಬ್ಬ ಹುಡುಗಿಯ ಎದೆಯೊಳಗೇ ನೆತ್ತರಬಳ್ಳಿಯ ಕಲಂ ಕಟ್ಟಿದರು, ಅದು ಚಿಗುರಿತು, ಅವಳಿಗೆ ಪಾಳಿ ತಪ್ಪಿತು, ಸೊಂಟದ ಕಲ್ಲು ಬಿಚ್ಚಿ ಒಗೆದಳು. ಇದಕ್ಕಿಂತ ಚೆನ್ನಾಗಿ ಯಾವ ಡಾಕ್ಟರೂ ಹೇಳಲಾರ ಎಂದು ನನಗೆ ನಾನೇ ಬೆನ್ನು ತಟ್ಟಿಕೊಂಡೆ. ದ್ರಾಕ್ಷಿ ಬೆಳೆಯುವವರ ಬುದ್ಧಿ, ತೋಟ ಬಿಟ್ಟು ಬೇರೆ ಉದಾಹರಣೆ ಹೊಳೆಯುವುದಿಲ್ಲ.

ಅವಳು ಆಳುಗಳ ಕೈಯನ್ನೇ ನೋಡುತ್ತಿದ್ದಳು.

“ಮೊದಲಿದ್ದ ಬಳ್ಳಿ ಎಲ್ಲಿ ಹೋತವ್ವಾ?”

“ಅಲ್ಲೇ ಐತಲ್ಲ, ಬೇರು ಅದರದ್ದ.”

“ಅದು ತನ್ನದೊಂದು ಎಲಿ ಬಿಟ್ರ?”

ಸುಳ್ಳು ಹೇಳಲು ಆಗಲಿಲ್ಲ. ಜಂಗಲಿಯ ಚಿಗುರು ಬಂದರೆ ಮುರಿದು ಹಾಕುತ್ತೇವೆ, ಬಿಟ್ಟರೆ ಮೇಲಿನ ಕಲಂ ಸೊರಗುತ್ತದೆ. ಆ ಕೆಲಸವನ್ನು ಅವಳೇ ಎಷ್ಟೋ ಸಲ ಮಾಡಿದ್ದಾಳೆ.

“ಹಣ್ಣ ಬಿಟ್ಟ ಮ್ಯಾಲ ಯಾರ ಹೆಸರ ಹೇಳ್ತೀವಿ? ಮ್ಯಾಲಿನದರ ಹೆಸರ, ಹೌದಿಲ್ಲೊ? ಹಂಗಾರ ನಾ ಎಲ್ಲಿರ್ತೀನಿ? ನನ್ನ ಒಳಗ ಬರೇ ಅಕ್ಕ ಇರ್ತಾಳ.”

ನಾನು ನಕ್ಕುಬಿಟ್ಟೆ. ಅವಳು ನಗಲಿಲ್ಲ. “ನಾ ಒಲ್ಲೆ” ಎಂದು ಎದ್ದು ಮನೆಯ ಕಡೆ ನಡೆದಳು.

ಅಂದಿನಿಂದ ಅದೇ ಹಟ. ಅವಳ ಅಪ್ಪ ರಮಿಸಿದರು, ಬೈದರು, ಮತ್ತೆ ರಮಿಸಿದರು. “ನಾ ನಿನ್ನೊಳಗ ಬಂದ್ರ ಗಣಿತ ನಾನ ಮಾಡ್ತೀನೇಳ” ಎಂದು ಅಕ್ಕ ಚೇಷ್ಟೆ ಮಾಡಿದಳು. ಇದ್ದ ಭಯ ಇಮ್ಮಡಿಯಾಯಿತು. ನಾನು ಕಥೆ ತಿದ್ದಲು ಹೋದೆ. ಹಳೆಯ ಬಳ್ಳಿಯೂ ಇರುತ್ತದೆ, ಎರಡೂ ಜೊತೆಗೇ ಎಲೆ ಬಿಡುತ್ತವೆ ಎಂದೆ. “ತ್ವಾಟದಾಗ ಹಂಗ ಆಗೂದಿಲ್ಲ” ಎಂದು ಬಾಯಿ ಮುಚ್ಚಿಸಿದಳು. ಅವಳ ಮೇಲೆ ವಿಪರೀತ ಸಿಟ್ಟು ಬಂತು. ಜೀವ ಉಳಿಯುವ ದಾರಿ ಕಣ್ಣೆದುರಿಗಿರುವಾಗ ಬಳ್ಳಿ, ಎಲೆ ಎಂದು ಹಟ ಹಿಡಿದರೆ ಯಾವ ತಾಯಿಗೆ ಸಿಟ್ಟು ಬರುವುದಿಲ್ಲ? ಆ ಸಿಟ್ಟಿಗೆ ಹೆದರಿಕೆಯೇ ಮೂಲ. ಇವಳ ಸ್ವಂತದ್ದು ಏನಾಗುತ್ತದೆ ಎಂದು ಧೈರ್ಯ ಮಾಡಿ ಡಾಕ್ಟರನ್ನು ಕೇಳಿದೆ. ಮೊದಲು ಔಷಧಿ ಕೊಟ್ಟು ಇವಳ ಸ್ವಂತ ಮಜ್ಜೆಯನ್ನು ಪೂರ್ತಿ ನಾಶ ಮಾಡುತ್ತಾರೆ, ಆಮೇಲೇ ಅಕ್ಕನದು ಎಂದರು. ಅಂದರೆ ಹುಡುಗಿ ಹೇಳಿದ್ದು ತೀರಾ ಸುಳ್ಳೇನಲ್ಲ. ಅಂದು ವಾಪಸ್ ಬರುವಾಗ ಬಸ್ಸಿನಲ್ಲಿ ನನ್ನ ಬಾಯಿಗೆ ಯಾವ ಕಥೆಯೂ ಬರಲಿಲ್ಲ, ಅವಳೂ ಕೇಳಲಿಲ್ಲ.

ಹಿಂದಿನ ವಾರ ಮಿರಜಿನಲ್ಲಿ ಸೂಜಿಗೆ ನರ ಸಿಗಲಿಲ್ಲ. “ಥಾಂಬ ಬಾಳಾ, ಥೋಡಾ ಥಾಂಬ,” ಸ್ವಲ್ಪ ತಡಿ ಮಗು ಎಂದು ಮರಾಠಿಯಲ್ಲಿ ಸಮಾಧಾನ ಮಾಡುತ್ತಲೇ ನರ್ಸಬಾಯಿ ಈ ಕೈ, ಆ ಕೈ ಚುಚ್ಚಿ ಚುಚ್ಚಿ ಸೋತಳು. ಮಗಳು ತುಟಿ ಕಚ್ಚಿಕೊಂಡಿದ್ದಳು. ಅತ್ತವಳು ನಾನು, ಎಲ್ಲರೂ ನೋಡುತ್ತಿದ್ದಾರೆಂಬ ಪರಿವೆಯೂ ಇಲ್ಲದೆ. ಅವಳು ಬಿಡುವಾಗಿದ್ದ ಕೈಯಿಂದ ನನ್ನ ಸೆರಗು ಜಗ್ಗಿದಳು.

“ಅಳಬ್ಯಾಡವ್ವಾ. ಪುಣೆಗೆ ಬರ್ತೀನಿ. ಆದ್ರ ಎಲ್ಲಾ ಮುಗದ ಮ್ಯಾಲ ನನ್ನ ಹೆಸರ ಹಿಡದ ಕರಿ. ನಾ ಓ ಅಂತೀನೊ ಇಲ್ಲೊ ನೋಡ.”

ಆಗಲಿ ಎಂದೆ. ಗೆದ್ದೆ ಅನ್ನಿಸಲಿಲ್ಲ. ನನ್ನ ಕಣ್ಣೀರು ನೋಡಲಾರದೆ ಅವಳು ಒಪ್ಪಿದ್ದು, ಅಷ್ಟೇ.

ಬರುವ ಸೋಮವಾರ ಹೊರಡುತ್ತೇವೆ. ಬಟ್ಟೆ ಮಡಚುತ್ತಾ, ರೊಟ್ಟಿ ಬಡಿಯುತ್ತಾ, ಕಾರಣವಿಲ್ಲದೆ ಅವಳ ಹೆಸರು ಕರೆಯುತ್ತಿರುತ್ತೇನೆ. ಮೊದಮೊದಲು ಓ ಎಂದು ಬರುತ್ತಿದ್ದಳು. ಇವತ್ತು ಮುಂಜಾನೆ ಕರೆದಾಗ ಹೊಸ್ತಿಲಲ್ಲಿ ನಿಂತು ನನ್ನನ್ನೇ ನೋಡಿದಳು.

“ಈಗಲ್ಲವ್ವಾ,” ಅಂದಳು. “ಆಮ್ಯಾಲ.”